ಹಳೇ ದುರ್ಬೀನು ಕೊಳ್ಳುವ ಮುನ್ನ

ನಮ್ಮೂರ ಕಟ್ಟೆಯ ಮೇಲೆ ಹಳೇ ಟ್ರ್ಯಾಕ್ಟರ್, ಹಳೇ ಪಂಪ್‌ಸೆಟ್ಟಿನ ಮಾತಿನ ಜೊತೆ ಈಗ ಹಳೇ ದುರ್ಬೀನಿನ ಮಾತೂ ಸೇರಿಕೊಂಡಿದೆ. ಬಂದೂಕಿನ ಮೇಲೆ ಕೂರಿಸಿ ಗುರಿ ಹಿಡಿಯುವ ದುರ್ಬೀನು. ಹುಡುಗರು 'ಸ್ಕೋಪು' ಅಂತಾರೆ. ಪೇಟೆಯಲ್ಲಿ ಯಾರೋ ಬಳಸಿ ಬಿಟ್ಟದ್ದು ಅರ್ಧ ಬೆಲೆಗೆ ಸಿಗುತ್ತದೆ. 'ಹಂದಿಗೆ ಇದಿದ್ರ ಸಾಕು' ಎಂಬ ನಂಬಿಕೆ ಬೇರೆ. ನಾನೂ ಕೊಂಡವನೇ. ದುಡ್ಡು ಕಳೆದುಕೊಂಡೆ. ಅದಕ್ಕಿಂತ ದೊಡ್ಡದೊಂದನ್ನು ಕಳೆದುಕೊಳ್ಳುವುದು ಸ್ವಲ್ಪದರಲ್ಲಿ ತಪ್ಪಿತು. ಅದಕ್ಕೇ ಈ ಬರಹ.

ನಮ್ಮ ಸೀಮೆಯ ಕಷ್ಟ ಹೊಸದಲ್ಲ. ಹಾನಗಲ್ಲಿನ ಮುಂಡಗೋಡ ಗಡಿಯ ಹಳ್ಳಿಗಳಲ್ಲಿ ಭತ್ತ, ಗೋವಿನಜೋಳಕ್ಕೆ ಹಂದಿ. ಕೆಲವು ವರ್ಷ ಆನೆಯೂ ಉಂಟು. ಶಿಗ್ಗಾವಿ ಕಡೆ, ಬಂಕಾಪುರದ ಕೋಟೆಯಲ್ಲಿ ನವಿಲುಧಾಮವೇ ಇದೆ. ಸುತ್ತಿನ ಹೊಲಗಳಲ್ಲಿ ಬಿತ್ತಿದ ಕಾಳು ಮೊಳಕೆಯಾಗುವ ತನಕ ಕಾಯಬೇಕು. ಸವಣೂರಿನ ಎರೆಹೊಲದವರಿಗೆ ಚಿಗರಿ ಕಾಟ, ಹಿರೇಕೆರೂರಿನವರಿಗೆ ತೆನೆ ಕಟ್ಟುವ ಹೊತ್ತಿಗೆ ಮತ್ತೆ ಹಂದಿ. ರಾತ್ರಿ ನಿದ್ದೆಗೆಟ್ಟವನಿಗೆ ದುರ್ಬೀನು ದೇವರ ಹಾಗೆ ಕಂಡರೆ ಅಚ್ಚರಿಯಿಲ್ಲ.

2022ರಲ್ಲಿ ನಮ್ಮಣ್ಣನ ಮಗನ ಏರ್‌ಗನ್ನಿಗೆಂದು ನಾಲ್ಕೂವರೆ ಸಾವಿರ ಕೊಟ್ಟು ಒಂದನ್ನು ತಂದೆವು. ಹುಡುಗ ಡಬ್ಬಿ ಇಟ್ಟು ಗುರಿ ಅಭ್ಯಾಸ ಮಾಡುತ್ತಿದ್ದ. ಗಾಜು ಸ್ವಚ್ಛವಿತ್ತು, ಹೊಳಪಿತ್ತು. ಎರಡೇ ತಿಂಗಳಲ್ಲಿ ಒಳಗಿನ ಅಡ್ಡಗೆರೆ ಸಡಿಲಾಗಿ ವಾಲಿತು. ಆಮೇಲೆ ತಿಳಿದವರು ಹೇಳಿದರು: ಸ್ಪ್ರಿಂಗಿನ ಏರ್‌ಗನ್ ಮೊದಲು ಹಿಂದಕ್ಕೆ, ಮರುಕ್ಷಣ ಮುಂದಕ್ಕೆ, ಎರಡೂ ಕಡೆ ಒದೆಯುತ್ತದೆ. ರೈಫಲಿನ ದುರ್ಬೀನು ಹಿಂದಿನ ಒದೆತಕ್ಕಷ್ಟೇ ಗಟ್ಟಿ. ಮಾಲು ಕೆಟ್ಟದ್ದಿರಲಿಲ್ಲ, ಜೋಡಿ ತಪ್ಪಿತ್ತು.

ಹಾಗಾಗಿ ನನ್ನ ಮೊದಲ ಮಾತು: 'ದುರ್ಬೀನು ಚೊಲೋ ಐತೇನು?' ಎಂದು ಕೇಳುವ ಮೊದಲು, 'ಯಾವ ಬಂದೂಕಿಗೆ, ಯಾವ ಕೆಲಸಕ್ಕೆ?' ಎಂದು ಕೇಳಿಕೊಳ್ಳಿ.

ಪರೀಕ್ಷೆ ಹೀಗೆ

ಗುರಿ ಅಭ್ಯಾಸಕ್ಕೇ ಬೇಕು ಎನ್ನುವವರು ಕೊಳ್ಳುವಾಗ ಇಷ್ಟು ನೋಡಬೇಕು. ಬಿಡಿಯಾಗಿ ಕೈಯಲ್ಲಿ ಹಿಡಿದು ನೋಡಿ, ಬಂದೂಕಿಗೆ ಕೂರಿಸಿ ಜನರತ್ತ ತಿರುಗಿಸಬೇಡಿ. ಸೂರ್ಯನತ್ತ ಅಂತೂ ಬೇಡವೇ ಬೇಡ.

ಮೊದಲು ಗಾಜು. ಒಂದು ತುದಿಯಿಂದ ಬ್ಯಾಟರಿ ಬಿಟ್ಟು ಇನ್ನೊಂದು ತುದಿಯಿಂದ ಓರೆಯಾಗಿ ನೋಡಿ. ಒಳಗೆ ಜೇಡರ ಬಲೆಯಂಥ ಎಳೆ ಕಂಡರೆ ಅದು ಬೂಸ್ಟು. ನಮ್ಮ ಮಳೆಗಾಲದ ತಂಪಿಗೆ ಪೆಟ್ಟಿಗೆಯಲ್ಲಿಟ್ಟ ದುರ್ಬೀನಿಗೆ ಇದು ಬೇಗ ಹತ್ತುತ್ತದೆ, ಗಾಜನ್ನೇ ತಿನ್ನುತ್ತದೆ. ಹೊರಗಿನ ಸಣ್ಣ ಗೀರಿಗೆ ಹೆದರಬೇಡಿ, ಒಳಗಿನ ಬೂಸ್ಟಿಗೆ ಹೆದರಿ.

ಎರಡನೆಯದು ಕೊಳವೆ. ಹಿಡಿಕೆಯ ಉಂಗುರ ಕೂತ ಜಾಗದಲ್ಲಿ ನೆಗ್ಗಿದೆಯೇ? ಸ್ಕ್ರೂ ತಲೆ ಕಿತ್ತಿದೆಯೇ? ಕಿತ್ತಿದ್ದರೆ ಯಾರೋ ಬಿಚ್ಚಿದ್ದಾರೆ. ಕೊಳವೆಯ ದಪ್ಪ ಒಂದು ಅಂಗುಲವೋ 30 ಮಿ.ಮೀ. ಇದೆಯೋ ಅಳೆಯಿರಿ. ಉಂಗುರ ಅದಕ್ಕೆ ಸರಿಯಾಗಿರಬೇಕು.

ಮೂರನೆಯದು ತೇವ. ಒಳಗೆ ತೇವ ಸೇರದಂತೆ ಕಂಪನಿಯವರು ಒಣ ಅನಿಲ ತುಂಬಿರುತ್ತಾರೆ. ಮುದ್ರೆ ಸಡಿಲಾದರೆ ಅದು ಹೋಗುತ್ತದೆ. ಒಂದು ತಾಸು ಫ್ರಿಜ್ಜಿನಲ್ಲಿಟ್ಟು ಹೊರತೆಗೆಯಿರಿ. ಹೊರಗಿನ ಮಂಜು ಒರೆಸಿದರೆ ಹೋಗುತ್ತದೆ. ಒರೆಸಿದರೂ ಹೋಗದಿದ್ದರೆ ಮಂಜು ಒಳಗಿದೆ. ಮಾಲು ವಾಪಸ್ ಕೊಡಿ.

ನಾಲ್ಕನೆಯದು ತಿರುಪು. ಒಂದೊಂದು 'ಟಿಕ್' ಕೈಗೆ ಸ್ಪಷ್ಟವಾಗಿ ತಿಳಿಯಬೇಕು. ಸಾಮಾನ್ಯವಾಗಿ ಒಂದು ಟಿಕ್ಕಿಗೆ 100 ಗಜದಲ್ಲಿ ಗುರಿ ಸುಮಾರು 7 ಮಿ.ಮೀ. ಸರಿಯುತ್ತದೆ, 25 ಗಜದಲ್ಲಿ 2 ಮಿ.ಮೀ.ಗೂ ಕಡಿಮೆ. ಕಾಗದಕ್ಕೆ ಹೊಡೆದು ನೋಡುವ ಅವಕಾಶವಿದ್ದರೆ ಇಪ್ಪತ್ತು ಟಿಕ್ ಮೇಲೆ, ಇಪ್ಪತ್ತು ಬಲಕ್ಕೆ, ಇಪ್ಪತ್ತು ಕೆಳಗೆ, ಇಪ್ಪತ್ತು ಎಡಕ್ಕೆ ತಿರುಗಿಸುತ್ತ ಹೊಡೆಯಿರಿ. ಕೊನೆಯ ಏಟು ಮೊದಲ ತೂತಿನ ಹತ್ತಿರವೇ ಬೀಳಬೇಕು. ಬೀಳದಿದ್ದರೆ ಒಳಗೆ ಸಡಿಲಿದೆ.

ಐದನೆಯದು ಕಣ್ಣು. ದುರ್ಬೀನನ್ನು ಮರಳಿನ ಚೀಲದ ಮೇಲೆ ಅಲುಗದಂತಿಟ್ಟು ತಲೆಯನ್ನಷ್ಟೇ ಅತ್ತಿತ್ತ ಸರಿಸಿ. ಅಡ್ಡಗೆರೆ ಗುರಿಯ ಮೇಲೆ ಓಡಾಡಿದರೆ ಅದು ನಿಮ್ಮ ಅಂತರಕ್ಕೆ ಹೊಂದಿದ್ದಲ್ಲ. ರೈಫಲಿನದ್ದನ್ನು ಹೆಚ್ಚಾಗಿ 100 ಗಜಕ್ಕೆ ಹೊಂದಿಸಿರುತ್ತಾರೆ. ಏರ್‌ಗನ್ ಹೊಡೆಯುವುದು ಹತ್ತು-ಮೂವತ್ತು ಗಜದಲ್ಲಿ.

'ಒಂಬತ್ತು ಪವರ್ ಐತಿ' ಎಂಬ ಮಾತಿಗೆ ಮರುಳಾಗಬೇಡಿ. ಮುಂದಿನ ಗಾಜಿನ ಅಗಲವನ್ನು ಪವರಿನಿಂದ ಭಾಗಿಸಿ. 40 ಮಿ.ಮೀ. ಗಾಜು, 9 ಪವರ್ ಆದರೆ ಕಣ್ಣಿಗೆ ಬರುವ ಬೆಳಕಿನ ಬಿಲ್ಲೆ ನಾಲ್ಕೂವರೆ ಮಿ.ಮೀ.ಗೂ ಕಡಿಮೆ. ಪವರ್ ಏರಿದಷ್ಟೂ ಮುಸ್ಸಂಜೆಯಲ್ಲಿ ಕತ್ತಲೆ. ಹೊಳೆಯುವ ಮಧ್ಯಾಹ್ನದಲ್ಲಿ ಅಂಗಡಿ ಮುಂದೆ ನೋಡಿದ ದುರ್ಬೀನು ಹೊಲದಲ್ಲಿ ಕುರುಡಾಗುವುದು ಇದಕ್ಕೇ.

ಇನ್ನು ಗುರಿಗಾರನಾಗಲು ದುರ್ಬೀನೇ ಬೇಕೆಂದಿಲ್ಲ. 2008ರ ಬೀಜಿಂಗ್ ಒಲಿಂಪಿಕ್ಸಿನಲ್ಲಿ ಅಭಿನವ್ ಬಿಂದ್ರಾ ಚಿನ್ನ ಗೆದ್ದ 10 ಮೀಟರ್ ಏರ್ ರೈಫಲ್ ಸ್ಪರ್ಧೆಯಲ್ಲಿ ದುರ್ಬೀನಿಗೆ ಅವಕಾಶವೇ ಇಲ್ಲ.

ಬೆಳೆ ಕಾಯಲು ಬೇಡ

ಈಗ ಎರಡನೆಯ ಮಾತು. ಬೆಳೆ ರಕ್ಷಣೆಗೆ ಲೈಸೆನ್ಸ್ ಕೊಡುವುದು ಬಾಯಿಂದ ಮದ್ದು ತುಂಬುವ ಬಂದೂಕಿಗೆ. ಅದರ ನಳಿಗೆ ನುಣುಪು, ಛರ್ರೆ ಹರಡುತ್ತದೆ, ಮೂವತ್ತು-ನಲವತ್ತು ಗಜ ದಾಟಿದರೆ ಭರವಸೆಯಿಲ್ಲ. ಅದಕ್ಕೆ ದುರ್ಬೀನು ಎತ್ತಿಗೆ ಕನ್ನಡಕ ಹಾಕಿದ ಹಾಗೆ. ನೆರೆಯ ರೈತರೊಬ್ಬರು 'ವೆಲ್ಡಿಂಗ್ ಮಾಡಿಸಿ ಕೂರಸ್ತೀನ್ರಿ' ಎಂದರು. ಕೈಮುಗಿದು ಬೇಡವೆಂದೆ. ಬೆಂಕಿ ತಗುಲಿದ ನಳಿಗೆ ಮದ್ದಿನ ಒತ್ತಡಕ್ಕೆ ಮುಖದ ಮುಂದೆಯೇ ಸಿಡಿಯಬಹುದು. ಲೈಸೆನ್ಸ್ ಹೋಗುವ ಭಯ ಆಮೇಲಿನದು.

ಕಾನೂನೂ ತಿಳಿದಿರಲಿ. 2016ರ ಶಸ್ತ್ರಾಸ್ತ್ರ ನಿಯಮದಂತೆ 4.5 ಮಿ.ಮೀ. ನಳಿಗೆಯ, 20 ಜೂಲ್ ಮೀರದ ಏರ್‌ಗನ್ನಿಗೆ ಲೈಸೆನ್ಸ್ ಬೇಡ. ಆದರೆ ಅದರಿಂದ ಕಾಡುಪ್ರಾಣಿಗೆ ಹೊಡೆದರೂ ಅದು ಬೇಟೆಯೇ. 1972ರ ವನ್ಯಜೀವಿ ಕಾಯ್ದೆಯಲ್ಲಿ ಬೇಟೆಯ ಪ್ರಯತ್ನವೂ ಅಪರಾಧ. ನವಿಲು, ಚಿಗರಿ ಮೊದಲ ಪಟ್ಟಿಯಲ್ಲಿವೆ. ಹಂದಿ 2023ರ ಏಪ್ರಿಲ್‌ನಿಂದ ಎರಡನೆಯ ಪಟ್ಟಿಯಲ್ಲಿದೆ. ಬೆಳೆ ಹಾಳುಮಾಡುವ ಹಂದಿಗೂ ಅರಣ್ಯ ಇಲಾಖೆಯ ಅಧಿಕಾರಿಯ ಲಿಖಿತ ಅನುಮತಿ ಬೇಕು. ಸತ್ತ ಪ್ರಾಣಿ ಸರ್ಕಾರದ ಸ್ವತ್ತು, ಪಾಲು ಹಾಕಿಕೊಳ್ಳುವಂತಿಲ್ಲ.

ಆ ರಾತ್ರಿ

ಎಲ್ಲಕ್ಕಿಂತ ಮುಖ್ಯವಾದದ್ದು ಕೊನೆಗೆ. ಅದೇ ವರ್ಷ ಗೋವಿನಜೋಳ ಹಾಲುಗಾಳಿನಲ್ಲಿತ್ತು. ನಡುರಾತ್ರಿ ಬದುವಿನಾಚೆ ಸರಸರ ಸಪ್ಪಳ. ದುರ್ಬೀನು ಆಗಿನ್ನೂ ಚೆನ್ನಾಗಿತ್ತು. ಅಟ್ಟದ ಮೇಲಿಂದ ಏರ್‌ಗನ್ ಎತ್ತಿ ಅದರಲ್ಲೇ ನೋಡಿದೆ. ಕಪ್ಪು ಆಕಾರ, ಬಗ್ಗಿದೆ, ನಿಧಾನ ಚಲಿಸುತ್ತಿದೆ. ಬೆರಳು ಕುದುರೆಯ ಮೇಲಿತ್ತು. ಹೆದರಿಸಿ ಓಡಿಸಿದರಾಯಿತು ಎಂದುಕೊಂಡೆ. ಅಷ್ಟರಲ್ಲಿ ಆಕಾರ ಕೆಮ್ಮಿತು. 'ಯಾರಲೇ ಅದು?' ಎಂದೆ. 'ನಾನ್ರೀ ಕಾಕಾ, ತ್ರೀಫೇಜ್ ಬಂತಲ್ಲ, ಮೋಟರ್ ಹಚ್ಚಾಕ ಬಂದೀನಿ' ಎಂದಿತು. ಪಕ್ಕದ ಹೊಲದ ಹುಡುಗ. ಕಾಲುವೆ ಒಡ್ಡು ಸರಿಮಾಡಲು ಬಗ್ಗಿದ್ದ.

ಬೆಳಗಾಗುವ ತನಕ ನನ್ನ ಕೈ ನಡುಗುತ್ತಿತ್ತು. ಅವನಿಗೆ ಇವತ್ತಿಗೂ ನಾನು ಹೇಳಿಲ್ಲ.

ಬಂದೂಕಿನ ದುರ್ಬೀನಿನ ದೊಡ್ಡ ದೋಷ ಗಾಜಿನಲ್ಲಿಲ್ಲ. ಯಾರೆಂದು ನೋಡಬೇಕಾದರೆ ಮೊದಲು ಅವರಿಗೇ ಗುರಿಯಿಡಬೇಕು. ರಾತ್ರಿ ಕರೆಂಟ್ ಕೊಡುವ ನಾಡಿನಲ್ಲಿ ಹೊಲದ ನೆರಳು ಹಂದಿಯಾಗಿರುವಷ್ಟೇ ಸಹಜವಾಗಿ ರೈತನೂ ಆಗಿರುತ್ತದೆ. ನೋಡಲು ಬೇಕಿರುವುದು ಕೈಯಲ್ಲಿ ಹಿಡಿಯುವ ಜೋಡಿ ದುರ್ಬೀನು, ಒಂದು ಚೊಲೋ ಬ್ಯಾಟರಿ, 'ಯಾರದು?' ಎಂದು ಕೂಗುವ ಗಂಟಲು. ಹಗಲು ತ್ರೀಫೇಜ್ ಕೊಡಿ ಎಂದು ನಾವು ಕೇಳುವುದು ನೀರಿಗಾಗಿ ಮಾತ್ರವಲ್ಲ, ಜೀವಕ್ಕಾಗಿಯೂ ಕೂಡ.

ವಾಲಿದ ಗೆರೆಯ ಆ ದುರ್ಬೀನು ಈಗಲೂ ನಮ್ಮ ಜಂತಿಗೆ ತೂಗುತ್ತಿದೆ. ಕೊಳ್ಳಲು ಬಂದವರಿಗೆ ಮಾರಿಲ್ಲ. ಕಾಡುಪ್ರಾಣಿಗಳನ್ನು ಗುಂಡಿಲ್ಲದೆ ದೂರವಿಟ್ಟ ರೈತರು ನಿಮ್ಮಲ್ಲಿ ಇರಬಹುದು. ಖರ್ಚೆಷ್ಟು, ಎಷ್ಟು ದಿನ ಬಾಳಿತು ಎಂಬ ಲೆಕ್ಕದೊಂದಿಗೆ ದಯವಿಟ್ಟು ಇದೇ ಪುಟಕ್ಕೆ ಬರೆಯಿರಿ.