ದೇವದುರ್ಗದ ಚಿತ್ರ ಯಾರು ತೆಗೀಬೇಕು? ಪುಷ್ಪಮಾಲಾ ಕಲೆ ಎತ್ತೋ ಪ್ರಶ್ನೆ

ರಾಯಚೂರು: ದೇವದುರ್ಗ ಅಂದ್ರೆ ಹೊರಗಿನವರಿಗೆ ಗೊತ್ತಿರೋದು ಬಿರುಕು ಬಿಟ್ಟ ಹೊಲ, ಖಾಲಿ ಕೊಡ, ಗುಳೆ ಹೊರಟ ಕುಟುಂಬ. ಮಾನ್ವಿ ಅಂದ್ರೆ ತುಂಗಭದ್ರಾ ಎಡದಂಡೆ ಕಾಲುವೆಯ ಕೊನೆಭಾಗದ ರೈತರ ಧರಣಿ. 2002ರ ನಂಜುಂಡಪ್ಪ ವರದಿ ದೇವದುರ್ಗವನ್ನು ಅತ್ಯಂತ ಹಿಂದುಳಿದ ತಾಲ್ಲೂಕುಗಳ ಪಟ್ಟಿಗೆ ಸೇರಿಸಿತು. ಕ್ಯಾಮೆರಾ ಹಿಡಿದು ಬರುವವರು ಇವತ್ತಿಗೂ ಹೆಚ್ಚಾಗಿ ಅವೇ ಚಿತ್ರ ತೆಗೆದುಕೊಂಡು ಹೋಗ್ತಾರೆ. ಅವು ಸುಳ್ಳಲ್ಲ. ಆದ್ರೆ ಊರು ಅಂದ್ರೆ ಅಷ್ಟೇನಾ?

ಚಿತ್ರ ತೆಗೆಯೋರು ಯಾರು, ಚಿತ್ರದಲ್ಲಿ ನಿಲ್ಲೋರು ಯಾರು? ಈ ಪ್ರಶ್ನೆ ಹಿಡಿದುಕೊಂಡೇ ಕೆಲಸ ಮಾಡಿದವರು ಬೆಂಗಳೂರಿನ ಕಲಾವಿದೆ ಎನ್. ಪುಷ್ಪಮಾಲಾ. 1956ರಲ್ಲಿ ಹುಟ್ಟಿದ ಇವರು ಬರೋಡಾದಲ್ಲಿ ಶಿಲ್ಪಕಲೆ ಕಲಿತವರು. 1990ರ ದಶಕದ ಮಧ್ಯದಿಂದ ತಾವೇ ವೇಷ ಹಾಕಿ ಕ್ಯಾಮೆರಾ ಮುಂದೆ ನಿಂತರು. ಆಮೇಲೆ ಪ್ರಯೋಗಾತ್ಮಕ ಸಿನಿಮಾ, ಜನರೆದುರಿನ ಪ್ರದರ್ಶನಕ್ಕೂ ಬಂದರು.

ಬ್ರಿಟಿಷ್ ಕಾಲದಲ್ಲಿ ಬುಡಕಟ್ಟು ಜನರನ್ನು ಚೌಕಳಿ ಪರದೆ ಮುಂದೆ ನಿಲ್ಲಿಸಿ, ಮೈ ಅಳತೆಗೆ ಸಿಗುವಂತೆ ಫೋಟೊ ತೆಗೀತಿದ್ರು. ಛಾಯಾಗ್ರಾಹಕಿ ಕ್ಲೇರ್ ಆರ್ನಿ ಜೊತೆ ಮಾಡಿದ 'ನೇಟಿವ್ ವಿಮೆನ್ ಆಫ್ ಸೌತ್ ಇಂಡಿಯಾ' (2000-04) ಸರಣಿಯಲ್ಲಿ ಪುಷ್ಪಮಾಲಾ ಅಂಥದ್ದೇ ಪರದೆ ಮುಂದೆ ನಿಂತರು. ರವಿವರ್ಮನ ಲಕ್ಷ್ಮಿಯೂ ಆದರು. ನೋಡುವವರಿಗೆ ನಗು ಬರುತ್ತೆ, ಹಿಂದೆಯೇ ಮುಜುಗರ. ಹಣೆಪಟ್ಟಿ ಅಂಟಿಸಿದ ಕೈ ಯಾವುದು ಅಂತ ಆಗ ಕಾಣುತ್ತೆ.

ಇದಕ್ಕೆ ಕೋಟಿಗಟ್ಟಲೆ ದುಡ್ಡೇನೂ ಬೇಕಿಲ್ಲ. 2004ರ ಕಿರುಚಿತ್ರ 'ರಾಷ್ಟ್ರೀಯ ಖೀರ್ ಅಂಡ್ ದೇಸೀಯ ಸಲಾಡ್'ಗೆ ಮನೆಯ ಹಳೇ ಅಡುಗೆ ನೋಟ್‌ಬುಕ್ಕುಗಳೇ ಕಥೆ. 2006ರ 'ಪ್ಯಾರಿಸ್ ಆಟಮ್' ಬಹುಪಾಲು ಸ್ಥಿರಚಿತ್ರಗಳನ್ನು ಜೋಡಿಸಿ ಮಾಡಿದ್ದು. 2017ರ ಸೆಪ್ಟೆಂಬರ್ 5ರಂದು ಪತ್ರಕರ್ತೆ ಗೌರಿ ಲಂಕೇಶ್ ಹತ್ಯೆಯಾಯಿತು. ಬಳಿಕ ಪುಷ್ಪಮಾಲಾ ಗೌರಿಯ 'ಅರ್ಜೆಂಟ್ ಸಾರ'ನ್ನು ಜನರೆದುರೇ ಮಾಡಿ ತೋರಿಸಿದರು. ಭಾಷಣದ ಜಾಗದಲ್ಲಿ ಒಲೆ ಇತ್ತು.

ಇದೆಲ್ಲ ನಮ್ಮ ಜನಕ್ಕೆ ಎಲ್ಲಿ ತಿಳಿಯುತ್ತೆ ಅನ್ನೋರಿದ್ದಾರೆ. ಆ ಮಾತು ನಿಲ್ಲಲ್ಲ. ಪರದೆ ಹಿಂದೆ ದೀಪ ಹಚ್ಚಿ, ತೊಗಲುಗೊಂಬೆ ಕುಣಿಸುತ್ತಾ ಹಾಡು ಹೇಳುವ ಕಿಳ್ಳೇಕ್ಯಾತರ ಆಟ ಮತ್ತೇನು? ಚಿತ್ರವೂ ಅದೇ, ಪ್ರದರ್ಶನವೂ ಅದೇ. ಹಗಲುವೇಷದವರು ದಿನಕ್ಕೊಂದು ವೇಷದಲ್ಲಿ ಮನೆ ಬಾಗಿಲಿಗೆ ಬಂದವರು. ಬಯಲಾಟಕ್ಕೆ ರಾತ್ರಿಯಿಡೀ ಕೂತ ಜನ, ಮೊಹರಂನಲ್ಲಿ ಅಲಾಯಿ ಕುಣಿದ ಜನ ಇವರು. ನೋಡೋ ಕಣ್ಣಿಗೆ ಬರ ಇಲ್ಲ, ತೋರಿಸೋ ಜಾಗಕ್ಕೆ ಬರ.

ರಾಯಚೂರಿನಲ್ಲಿ ಪಂಡಿತ ಸಿದ್ಧರಾಮ ಜಂಬಲದಿನ್ನಿ ರಂಗಮಂದಿರ ಇದೆ. ಅಲ್ಲಿ ತಿಂಗಳಿಗೊಂದು ಸಂಜೆ ಇಂಥ ಚಿತ್ರ, ಪ್ರದರ್ಶನಕ್ಕೆ ಮೀಸಲಿಡಬಹುದು. ದೇವದುರ್ಗ, ಮಾನ್ವಿಯಲ್ಲಿ ಕಾಲೇಜಿನ ಸಭಾಂಗಣ, ಒಂದು ಪ್ರೊಜೆಕ್ಟರ್, ಬಿಳಿ ಬಟ್ಟೆ ಸಾಕು. ಕಲ್ಯಾಣ ಕರ್ನಾಟಕದ ಅಭಿವೃದ್ಧಿ ಲೆಕ್ಕ ರಸ್ತೆ, ಕಟ್ಟಡಕ್ಕೇ ಮುಗಿಯಬಾರದು. ಕನ್ನಡ ಮತ್ತು ಸಂಸ್ಕೃತಿ ಇಲಾಖೆ ಮನಸ್ಸು ಮಾಡಿದ್ರೆ ಇದು ದೊಡ್ಡ ಖರ್ಚಲ್ಲ.

ಗುಳೆ ಹೋದ ಮನೆಯ ಹುಡುಗಿಯ ಕೈಯಲ್ಲೂ ಈಗ ಕ್ಯಾಮೆರಾ ಇರೋ ಮೊಬೈಲ್ ಇದೆ. ಅವಳು ಬಿರುಕು ಬಿಟ್ಟ ಹೊಲವನ್ನೇ ತೆಗೀಬಹುದು, ಅವ್ವನ ರೊಟ್ಟಿ ಬಡಿಯೋ ಕೈಯನ್ನೂ ತೆಗೀಬಹುದು. ಯಾವುದನ್ನು ತೆಗೀಬೇಕು ಅಂತ ತೀರ್ಮಾನ ಮಾಡೋಳು ಅವಳೇ ಆಗ್ಲಿ.