ಸೋಲಿನ ಚೀಟಿಯ ಮೇಲೊಂದು ಗೆರೆ

ಮಕ್ಕಳ ಆಟಗಳ ಪ್ರಸ್ತಾಪ ಬಂದಾಗಲೆಲ್ಲ ನಮ್ಮ ಮನೆಗಳಲ್ಲಿ ಎರಡು ಮಾತುಗಳು ಕೇಳಿಬರುತ್ತವೆ. ಆಟದಿಂದ ಓದು ಕೆಡುತ್ತದೆ ಎಂಬುದು ಒಂದು. ಆಟದಿಂದ ಬುದ್ಧಿ ಚುರುಕಾಗುತ್ತದೆ ಎಂಬುದು ಇನ್ನೊಂದು. ಆದರೆ ಆಟದ ಒಳಗೆ ನಡೆಯುವುದೇನು ಎಂದು ವಿಚಾರಿಸುವವರು ವಿರಳ. ಆದಕಾರಣ ಈ ತಿಂಗಳು ನಾವು ಒಂದೇ ಒಂದು ಆಟವನ್ನು ಎತ್ತಿಕೊಂಡು, ಅದರೊಳಗಿನ ಕಾಳಗಗಳ ಕ್ರಮವನ್ನು ಓದುಗ ಬಂಧುಗಳ ಮುಂದಿಡಬಯಸುತ್ತೇವೆ. ಅದರ ಹೆಸರು ‘ಕಪ್‌ಹೆಡ್’. 2017ರ ಸೆಪ್ಟೆಂಬರ್ 29ರಂದು ಬಿಡುಗಡೆಯಾದ ಈ ವಿಡಿಯೋ ಆಟ, ಆಡುವವರನ್ನು ಮತ್ತೆ ಮತ್ತೆ ಸೋಲಿಸುವುದಕ್ಕೇ ಹೆಸರಾದುದು. ಹೀಗೆ ಸೋಲಿಸುವ ಆಟವನ್ನು ಎಳೆಯರೂ ದೊಡ್ಡವರೂ ಬಿಡದೆ ಆಡುವುದೇಕೆ? ಮಕ್ಕಳನ್ನು ಬೆಳೆಸುತ್ತಿರುವ ಪ್ರತಿಯೊಂದು ಮನೆಗೂ ಈ ಪ್ರಶ್ನೆ ಸಂಬಂಧಿಸಿದ್ದು.

ಓಡುತ್ತ, ನೆಗೆಯುತ್ತ, ಗುಂಡು ಹಾರಿಸುತ್ತ ಮುಂದೆ ಸಾಗುವ ಆಟಗಳಿಗೆ ‘ರನ್ ಅಂಡ್ ಗನ್’ ಎಂಬ ಹೆಸರಿದೆ. ಜಪಾನಿನ ಕೊನಾಮಿ ಸಂಸ್ಥೆ 1987ರಲ್ಲಿ ಹೊರತಂದ ‘ಕಾಂಟ್ರಾ’ ಈ ಜಾತಿಯ ಆಟಗಳಲ್ಲಿ ಪ್ರಸಿದ್ಧವಾದದ್ದು. 1990ರ ದಶಕದಲ್ಲಿ ನಮ್ಮ ಊರುಗಳಲ್ಲಿಯೂ ಟಿ.ವಿ.ಗೆ ಜೋಡಿಸುವ ಆಟದ ಪೆಟ್ಟಿಗೆಗಳಲ್ಲಿ ಮಕ್ಕಳು ಇದನ್ನು ಆಡಿದ್ದುಂಟು. ಇಂತಹ ಆಟಗಳಲ್ಲಿ ಪ್ರತಿ ಘಟ್ಟದ ಕೊನೆಗೆ ಒಬ್ಬ ದೊಡ್ಡ ಎದುರಾಳಿ ಕಾದಿರುತ್ತಾನೆ. ಅವನನ್ನು ‘ಬಾಸ್’ ಎನ್ನುತ್ತಾರೆ. ಆ ಕಾಲದ ಆರ್ಕೇಡ್ ಅಂಗಡಿಗಳ ಯಂತ್ರಗಳು ನಾಣ್ಯ ನುಂಗಿ ಆಡಿಸುತ್ತಿದ್ದವು. ಆಟಗಾರ ಬೇಗ ಸೋತಷ್ಟೂ ನಾಣ್ಯ ಹೆಚ್ಚು ಬೀಳುತ್ತಿತ್ತಾದ್ದರಿಂದ ಅಲ್ಲಿ ಕಾಠಿಣ್ಯವೆಂಬುದು ವ್ಯಾಪಾರದ ಒಂದು ಉಪಾಯವೂ ಆಗಿತ್ತು. ಇಂದು ಮೊಬೈಲಿನ ಎಷ್ಟೋ ಆಟಗಳು ಸೋತ ಮಗುವಿಗೆ ಹಣ ಪಡೆದು ಹೆಚ್ಚಿನ ಪ್ರಾಣವನ್ನು ಮಾರುತ್ತವೆ. ಕಪ್‌ಹೆಡ್ ಈ ದಾರಿಯಲ್ಲಿ ನಡೆಯಲಿಲ್ಲ. ಆಟವನ್ನು ಒಮ್ಮೆ ಕೊಂಡರಾಯಿತು. ಕಾಳಗದ ನಡುವೆ ಹಣ ಕೊಟ್ಟು ಗೆಲುವನ್ನು ಕೊಳ್ಳಲು ಅಲ್ಲಿ ಆಸ್ಪದವಿಲ್ಲ. ಆಟದೊಳಗಿನ ಅಂಗಡಿಯಲ್ಲಿ ದೊರೆಯುವ ಒಂದು ತಾಯಿತ ಪ್ರಾಣವೊಂದನ್ನು ಹೆಚ್ಚಿಸುವುದೇನೋ ನಿಜ. ಆದರೆ ಅದನ್ನು ಧರಿಸಿದರೆ ಹೊಡೆತದ ಬಲ ಸ್ವಲ್ಪ ಕುಗ್ಗುತ್ತದೆ.

ಕಥೆ ಸರಳವಾದುದು. ಬಟ್ಟಲಿನ ತಲೆಯ ಕಪ್‌ಹೆಡ್ ಮತ್ತು ಮಗ್‌ಮನ್ ಎಂಬ ಇಬ್ಬರು ಸೋದರರು ಹಿರಿಯ ಕೆಟಲಜ್ಜನ ಆಶ್ರಯದಲ್ಲಿ ಬೆಳೆದವರು. ಇವರು ದಾರಿ ತಪ್ಪಿ ಸೈತಾನನ ಜೂಜುಕಟ್ಟೆಯನ್ನು ಹೊಕ್ಕು, ಗೆಲುವಿನ ಅಮಲಿನಲ್ಲಿ ಆತ್ಮಗಳನ್ನೇ ಪಣವಾಗಿಟ್ಟು ದಾಳ ಹಾಕಿ ಸೋಲುತ್ತಾರೆ. ಸಾಲ ಮಾಡಿ ತಲೆಮರೆಸಿಕೊಂಡವರಿಂದ ಆತ್ಮದ ಕರಾರುಪತ್ರಗಳನ್ನು ವಸೂಲು ಮಾಡಿ ತಂದರೆ ಬಿಡುಗಡೆ ಕೊಡುವುದಾಗಿ ಸೈತಾನ ಹೇಳುತ್ತಾನೆ. ಹೀಗೆ ಮೂರು ದ್ವೀಪಗಳಲ್ಲಿ 17 ಸಾಲಗಾರರೊಡನೆ ಕಾದಾಡಿ, ಬಳಿಕ ಜೂಜುಕಟ್ಟೆಯ ಮೇಲ್ವಿಚಾರಕ ಕಿಂಗ್ ಡೈಸ್‌ನನ್ನೂ ಕೊನೆಗೆ ಸೈತಾನನನ್ನೂ ಎದುರಿಸಬೇಕು. ಜೂಜಿನ ದುಷ್ಪರಿಣಾಮವನ್ನೇ ಕಥೆಯ ಬೀಜವಾಗಿಟ್ಟುಕೊಂಡ ಆಟವಿದು ಎಂಬುದು ಗಮನಾರ್ಹ. ಅಮೆರಿಕದ ಶ್ರೇಣೀಕರಣ ಮಂಡಳಿ ಇದನ್ನು 10 ವರ್ಷ ಮೇಲ್ಪಟ್ಟವರಿಗೆ ತಕ್ಕುದೆಂದು ಗುರುತಿಸಿದೆ.

ಇನ್ನು ಕಾಳಗದ ರೀತಿಯನ್ನು ನೋಡೋಣ. ಆಟಗಾರನಿಗಿರುವುದು ಮೂರು ಪ್ರಾಣ. ಮೂರು ಪೆಟ್ಟು ಬಿದ್ದರೆ ಮುಗಿಯಿತು, ಮೊದಲಿನಿಂದ ಆರಂಭಿಸಬೇಕು. ಗೆದ್ದ ಕಾಳಗವೆಂದರೆ ಬಹುತೇಕ ಎರಡು ಮೂರು ನಿಮಿಷಗಳದ್ದು. ಆದರೆ ಆ ನಿಮಿಷಗಳೊಳಗೆ ಎದುರಾಳಿ ಹಲವು ರೂಪಗಳನ್ನು ತಾಳುತ್ತಾನೆ. ಮೊದಲ ದ್ವೀಪದ ಕ್ಯಾಗ್ನಿ ಕಾರ್ನೇಶನ್ ಎಂಬ ಹೂವನ್ನೇ ತೆಗೆದುಕೊಳ್ಳಿ. ಮುದ್ದಾಗಿ ನಲಿಯುತ್ತಿದ್ದ ಹೂವು ಕಾಳಗ ತೊಡಗಿದೊಡನೆ ಮುಖ ವಿಕಾರ ಮಾಡಿಕೊಂಡು ಎರಗುತ್ತದೆ. ಒಮ್ಮೆ ಮೇಲುಭಾಗದಲ್ಲಿ, ಒಮ್ಮೆ ಕೆಳಭಾಗದಲ್ಲಿ ಕತ್ತು ಚಾಚಿ ಹೊಡೆಯುತ್ತದೆ, ಬೀಜಗಳನ್ನು ಮಳೆಗರೆಯುತ್ತದೆ, ಬೀಜ ಬಿದ್ದಲ್ಲಿ ಗಿಡ ಮೊಳೆತು ಕಾಡುತ್ತದೆ. ಕೊನೆಯ ಹಂತದಲ್ಲಿ ಮುಳ್ಳುಬಳ್ಳಿಗಳು ನೆಲವನ್ನೆಲ್ಲ ಆವರಿಸಿ, ತೇಲುವ ಹಲಗೆಗಳನ್ನು ಬಿಟ್ಟರೆ ಕಾಲಿಡಲು ಎಡೆಯೇ ಇಲ್ಲದಂತಾಗುತ್ತದೆ. ಮೊದಲ ಬಾರಿ ನೋಡುವವರಿಗೆ ಇದೆಲ್ಲ ಬರಿಯ ಗೊಂದಲ. ಆದರೆ ಪ್ರತಿಯೊಂದು ಹೊಡೆತಕ್ಕೂ ಮುನ್ನ ಒಂದು ಸೂಚನೆಯಿದೆ. ದೇಹ ಹಿಂದಕ್ಕೆ ಬಾಗುವುದು, ಮುಖ ಬದಲಾಗುವುದು, ಕೈ ಎತ್ತುವುದು ಇವೆಲ್ಲ ಕ್ಷಣಾರ್ಧದಲ್ಲಿ ಬರಲಿರುವ ಪೆಟ್ಟಿನ ಮುನ್ನುಡಿಗಳು. ಸೋತಷ್ಟೂ ಈ ಸೂಚನೆಗಳನ್ನು ಓದುವ ಕಣ್ಣು ಬಲಿಯುತ್ತದೆ. ಹತ್ತನೆಯ ಬಾರಿಗೆ ಗೊಂದಲ ಕರಗಿ ಕ್ರಮ ಕಾಣತೊಡಗುತ್ತದೆ.

ಇದೇ ದ್ವೀಪದಲ್ಲಿ ಕುಸ್ತಿಮಲ್ಲರಂತಹ ಎರಡು ಕಪ್ಪೆಗಳೂ ಇವೆ. ಒಂದು ಮುಷ್ಟಿಗಳನ್ನು ಎಸೆಯುತ್ತದೆ, ಇನ್ನೊಂದು ಮಿಂಚುಹುಳುಗಳನ್ನು ಉಗುಳುತ್ತದೆ. ಕೊನೆಗೆ ಎರಡೂ ಕೂಡಿಕೊಂಡು ಒಂದು ಜೂಜಿನ ಯಂತ್ರವೇ ಆಗಿಬಿಡುತ್ತವೆ. ಅದರ ಹಿಡಿಕೆಯನ್ನು ಸರಿಯಾದ ಸಮಯಕ್ಕೆ ತಟ್ಟಿದರೆ ಚಕ್ರಗಳು ತಿರುಗಿ ನಿಂತು, ನಿಂತ ಚಿತ್ರಕ್ಕೆ ತಕ್ಕ ದಾಳಿ ಹೊರಡುತ್ತದೆ. ಆಗಲೇ ಯಂತ್ರಕ್ಕೆ ಪೆಟ್ಟು ತಗಲುವುದು. ಎಂದರೆ ಅಪಾಯವನ್ನು ತಾನಾಗಿ ಕರೆದುಕೊಳ್ಳದೆ ಅಲ್ಲಿ ಗೆಲುವಿಲ್ಲ.

ಈಗ ಈ ಲೇಖನದ ಮುಖ್ಯ ವಿಷಯಕ್ಕೆ ಬರುತ್ತೇವೆ. ಕಾಳಗ ನಡೆಯುತ್ತಿರುವಾಗ ಎದುರಾಳಿಯ ಶಕ್ತಿ ಎಷ್ಟು ಉಳಿದಿದೆಯೆಂದು ಆಟ ತೋರಿಸುವುದಿಲ್ಲ. ಸೋತ ಮೇಲೆ ಮಾತ್ರ ಒಂದು ಚೀಟಿ ಮೂಡುತ್ತದೆ. ಅದರಲ್ಲಿ ಎದುರಾಳಿಯ ಮುಖ, ಅವನಾಡುವ ಒಂದು ಕೊಂಕುನುಡಿ, ಕೆಳಗೊಂದು ಗೆರೆ. ಗೆರೆಯ ಒಂದು ತುದಿ ಆರಂಭ, ಇನ್ನೊಂದು ತುದಿ ಗೆಲುವು; ನಡುವೆ ಹಂತಗಳ ಗುರುತು. ಪುಟ್ಟ ಕಪ್‌ಹೆಡ್ ಆ ಗೆರೆಯ ಮೇಲೆ ಓಡುತ್ತ ಹೋಗಿ, ಆಟಗಾರ ಎಲ್ಲಿಯವರೆಗೆ ಮುಟ್ಟಿದ್ದನೋ ಅಲ್ಲಿ ನಿಲ್ಲುತ್ತಾನೆ. ಅರ್ಧ ದಾರಿಯಲ್ಲಿ ಸೋತೆನೆಂದು ತಿಳಿದಿದ್ದವನಿಗೆ, ಇನ್ನು ಬೆರಳಷ್ಟೇ ಉಳಿದಿತ್ತೆಂಬುದು ಆಗ ಗೊತ್ತಾಗುತ್ತದೆ. ನಿನ್ನೆ ಮೊದಲ ಗುರುತನ್ನು ದಾಟದವನು ಇಂದು ಎರಡನೆಯದನ್ನು ದಾಟಿದ್ದಾನೆ. ಫಲಿತಾಂಶ ಎರಡು ದಿನವೂ ಸೋಲೇ. ಆದರೆ ಎರಡು ಸೋಲುಗಳೂ ಒಂದೇ ಅಲ್ಲ.

ಆಟಗಾರನನ್ನು ಮರಳಿ ಕಾಳಗಕ್ಕೆ ಕರೆತರುವುದು ಈ ಗೆರೆಯೇ ಎಂದು ನಮಗನ್ನಿಸುತ್ತದೆ. ಗೆಲುವಿಗಿರುವಂತೆ ಸೋಲಿಗೂ ಒಂದು ಅಳತೆಯಿದೆ ಎಂಬುದನ್ನು ಅದು ಕಣ್ಣಿಗೆ ಕಾಣಿಸುತ್ತದೆ. ಇದರ ಜೊತೆಗೆ ಇನ್ನೊಂದು ಸಂಗತಿಯೂ ಇದೆ. ಅಲ್ಲಿಯ ಸೋಲು ಅಗ್ಗವಾದುದು. ಅದರ ಬೆಲೆ ಎರಡು ನಿಮಿಷ ಮಾತ್ರ. ಒಂದು ಗುಂಡಿ ಒತ್ತಿದರೆ ಕಾಳಗ ಮತ್ತೆ ಸಿದ್ಧ. ಅಗ್ಗವಾದ ಸೋಲು ಕಲಿಸಬಲ್ಲದು, ದುಬಾರಿಯಾದ ಸೋಲು ಹೆದರಿಸಬಲ್ಲದು. ನಮ್ಮ ಮನೆಗಳಲ್ಲಿ ಮಗುವಿನ ಮೊದಲ ಸೋಲನ್ನೇ ನಾವು ಎಷ್ಟು ದುಬಾರಿ ಮಾಡಿಬಿಡುತ್ತೇವೆ ಎಂಬುದನ್ನು ಯೋಚಿಸಬೇಕು. ಗಣಿತದಲ್ಲಿ ಅನುತ್ತೀರ್ಣನಾದವನ ಅಂಕಪಟ್ಟಿ ನೆಂಟರಿಷ್ಟರ ಬಾಯಿಗೆ ಬೀಳುತ್ತದೆ. ಅವನು ಯಾವ ಲೆಕ್ಕದವರೆಗೆ ಸರಿಯಾಗಿ ಮುಟ್ಟಿದ್ದನೆಂದು ಕೇಳುವವರು ಯಾರು? ಕೊಂಕುನುಡಿ ನಮ್ಮಲ್ಲಿಯೂ ಉಂಟು, ಚೀಟಿಯೂ ಉಂಟು. ಗೆರೆ ಮಾತ್ರ ಇಲ್ಲ.

ಗುಂಡು ಹಾರಿಸುವ ಆಟ ಮಕ್ಕಳಿಗೆ ಬೇಕೇ ಎಂದು ತಾಯಂದಿರು ಕೇಳಬಹುದು. ನ್ಯಾಯವಾದ ಪ್ರಶ್ನೆಯೇ. ಇಲ್ಲಿ ರಕ್ತಪಾತವಿಲ್ಲ, ಎದುರಾಳಿಗಳು ಆಲೂಗಡ್ಡೆ, ಕಪ್ಪೆ, ಜೇನಿನ ರಾಣಿಯಂತಹ ವ್ಯಂಗ್ಯಚಿತ್ರಗಳು. ತರಕಾರಿಗಳ ಕಾಳಗದಲ್ಲಿ ಬರುವ ಈರುಳ್ಳಿಯನ್ನು ಹೊಡೆಯದೆ ಬಿಟ್ಟರೆ ಅದು ಕಣ್ಣೀರು ಸುರಿಸದೆ ತನ್ನ ಪಾಡಿಗೆ ಹೊರಟುಹೋಗುತ್ತದೆ. ಬಾಸ್ ಕಾಳಗಗಳ ಹೊರಗೆ ಓಡುತ್ತ ಸಾಗುವ ಆರು ಘಟ್ಟಗಳಿವೆ. ಒಬ್ಬ ಶತ್ರುವನ್ನೂ ಕೊಲ್ಲದೆ ಅವನ್ನು ದಾಟಿದವನಿಗೆ ಶಾಂತಿಪ್ರಿಯನೆಂಬ ಪ್ರತ್ಯೇಕ ಶ್ರೇಣಿಯುಂಟು; ಆರರಲ್ಲಿಯೂ ಅದನ್ನು ಪಡೆದರೆ ಇಡೀ ಆಟವನ್ನು ಹಳೆಯ ಚಲನಚಿತ್ರದಂತೆ ಕಪ್ಪು ಬಿಳುಪಿನಲ್ಲಿ ನೋಡುವ ಅವಕಾಶ ದೊರೆಯುತ್ತದೆ. ಇಬ್ಬರು ಒಟ್ಟಿಗೆ ಕುಳಿತು ಆಡುವಾಗ ಒಬ್ಬ ಸೋತರೆ ಅವನ ಆತ್ಮ ಮೇಲಕ್ಕೆ ತೇಲತೊಡಗುತ್ತದೆ; ಅದು ಮರೆಯಾಗುವ ಮೊದಲೇ ಇನ್ನೊಬ್ಬ ನೆಗೆದು ಮುಟ್ಟಿದರೆ ಅವನು ಮತ್ತೆ ಬದುಕುತ್ತಾನೆ. ಅಣ್ಣ ತಮ್ಮಂದಿರು ಜಗಳವಾಡುತ್ತಲೇ ಒಬ್ಬರನ್ನೊಬ್ಬರು ಉಳಿಸಿಕೊಳ್ಳುವುದನ್ನು ಇಲ್ಲಿ ಕಾಣಬಹುದು.

ಆದರೂ ಈ ಆಟದ ಬಗ್ಗೆ ನಮ್ಮದೊಂದು ಆಕ್ಷೇಪವಿದೆ. ಕಠಿಣವೆನ್ನುವವರಿಗೆ ‘ಸಿಂಪಲ್’ ಎಂಬ ಸುಲಭದ ಬಗೆ ಇದೆ. ಅಲ್ಲಿ ಕಾಳಗದ ಕೆಲವು ಭಾಗಗಳನ್ನು ತೆಗೆದು ಹಗುರ ಮಾಡಲಾಗಿದೆ. ಆದರೆ ಹಾಗೆ ಗೆದ್ದವನಿಗೆ ಕರಾರುಪತ್ರ ಸಿಗುವುದಿಲ್ಲ. ಪತ್ರಗಳೆಲ್ಲ ಕೂಡದೆ ಕಿಂಗ್ ಡೈಸ್‌ನ ಬಾಗಿಲು ತೆರೆಯುವುದಿಲ್ಲ. ಮಾಡದ ಕೆಲಸಕ್ಕೆ ಫಲ ಕೊಡುವುದಿಲ್ಲವೆಂಬ ಈ ನಿಷ್ಠುರತೆಯಲ್ಲಿ ಒಂದು ಪ್ರಾಮಾಣಿಕತೆಯಿದೆ, ಅದನ್ನು ಮೆಚ್ಚಬೇಕು. ಆದರೆ ಕೈ ನಡುಗುವವರು, ದೃಷ್ಟಿ ಮಂದವಾದವರು, ಬೆರಳುಗಳು ಬೇಗ ಆಡದವರು ಎಷ್ಟೇ ಶ್ರಮಪಟ್ಟರೂ ಕಥೆಯ ಕೊನೆಯನ್ನು ಕಾಣಲಾರರು. ಶ್ರಮಕ್ಕೂ ಸಾಮರ್ಥ್ಯಕ್ಕೂ ವ್ಯತ್ಯಾಸವಿದೆ. ಆ ಗೆರೆ ದೂರವನ್ನು ಅಳೆಯುತ್ತದೆ, ಹೊತ್ತ ಭಾರವನ್ನು ಅಳೆಯುವುದಿಲ್ಲ. ಮನೆಯ ಹಿರಿಯರು ಎರಡನ್ನೂ ಅಳೆಯಬಲ್ಲವರಾಗಬೇಕು.

ಆಟವನ್ನು ನಿರ್ಮಿಸಿದವರ ಕಥೆಯೂ ತಿಳಿಯತಕ್ಕದ್ದು. ಕೆನಡಾ ದೇಶದ ಚಾಡ್ ಮತ್ತು ಜಾರೆಡ್ ಮೋಲ್ಡನ್‌ಹಾವರ್ ಎಂಬ ಸೋದರರು ‘ಸ್ಟುಡಿಯೋ ಎಂಡಿಎಚ್‌ಆರ್’ ಎಂಬ ಸಂಸ್ಥೆಯನ್ನು ಕಟ್ಟಿ ಇದನ್ನು ರಚಿಸಿದರು. 1930ರ ದಶಕದ ಅಮೆರಿಕದ ವ್ಯಂಗ್ಯಚಿತ್ರಗಳ ಮಾದರಿಯಲ್ಲಿ ಪ್ರತಿಯೊಂದು ಚಲನೆಯನ್ನೂ ಕಾಗದದ ಮೇಲೆ ಕೈಯಿಂದ ಬರೆದು, ಶಾಯಿ ತಿದ್ದಿ, ಹಿನ್ನೆಲೆಗಳಿಗೆ ಜಲವರ್ಣ ಬಳಸಿದರು. ಚಾಡ್‌ರ ಪತ್ನಿ ಮಾಯಾ ತಮ್ಮ ಉದ್ಯೋಗವನ್ನು ಬಿಟ್ಟು ಬಂದು ಶಾಯಿಯ ಕೆಲಸಕ್ಕೆ ಕೈಜೋಡಿಸಿದರು. ಕ್ರಿಸ್ಟೋಫರ್ ಮ್ಯಾಡಿಗನ್ ರಚಿಸಿದ ಜಾಸ್ ಸಂಗೀತವನ್ನು ವಾದ್ಯವೃಂದವೇ ನುಡಿಸಿತು. 2018ರಲ್ಲಿ ಅದಕ್ಕೆ ಬ್ರಿಟನ್ನಿನ ಬಾಫ್ಟಾ ಪ್ರಶಸ್ತಿ ಬಂದಿತು. ಕೆಲಸ ಹಿಗ್ಗಿದಂತೆ ಸೋದರರು ಉದ್ಯೋಗ ತ್ಯಜಿಸಿ, ಮನೆಗಳನ್ನು ಅಡವಿಟ್ಟು ಹಣ ಹೊಂದಿಸಿದರು. ಬಿಡುಗಡೆಯಾದ ಎರಡು ವಾರಗಳೊಳಗೆ 10 ಲಕ್ಷಕ್ಕೂ ಹೆಚ್ಚು ಪ್ರತಿಗಳು ಮಾರಾಟವಾದವು. 2022ರ ಜೂನ್ 30ರಂದು ಹೊಸ ದ್ವೀಪವೊಂದನ್ನು ಸೇರಿಸಿದ ಅನುಬಂಧವೂ ಬಂದಿತು.

ಈ ಸಾಹಸವನ್ನು ಕೊಂಡಾಡುವಾಗಲೂ ಒಂದು ಎಚ್ಚರ ಅಗತ್ಯ. ಜೂಜಿನಲ್ಲಿ ಆತ್ಮವನ್ನು ಪಣವಿಟ್ಟವರ ಕಥೆಯನ್ನು ಹೇಳಲು ಹೊರಟವರು ತಮ್ಮ ಮನೆಗಳನ್ನೇ ಪಣವಾಗಿಟ್ಟರು, ಗೆದ್ದರು. ಮನೆ ಅಡವಿಟ್ಟು ಸೋತವರ ಕಥೆಗಳು ಪತ್ರಿಕೆಗಳವರೆಗೆ ಬರುವುದಿಲ್ಲ. ಪರದೆಯ ಸೋಲು ಎರಡು ನಿಮಿಷದ್ದು; ಅಡವಿನ ಸೋಲು ತಲೆಮಾರಿನದು. ಕಪ್‌ಹೆಡ್‌ನ ಕಾಳಗ ಕಲಿಸುವುದು ಛಲವನ್ನು. ಕಪ್‌ಹೆಡ್‌ನ ಕಥೆ ಕಲಿಸುವುದು ಪಣವಿಡುವ ಮುನ್ನ ಕಳೆದುಕೊಳ್ಳಬಹುದಾದುದನ್ನು ಎಣಿಸಬೇಕೆಂಬುದನ್ನು. ಎರಡನ್ನೂ ಜೊತೆಗಿಟ್ಟುಕೊಂಡೇ ಮಕ್ಕಳೊಡನೆ ಮಾತನಾಡಬೇಕು.

ಕಟ್ಟಕಡೆಗೆ ಸೈತಾನ ಸೋದರರಿಗೆ ಆಮಿಷವೊಡ್ಡುತ್ತಾನೆ. ಪತ್ರಗಳನ್ನು ಒಪ್ಪಿಸಿ ತನ್ನ ಪಕ್ಷ ಸೇರುವಂತೆ ಕರೆಯುತ್ತಾನೆ. ಒಪ್ಪಿದರೆ ಆಟ ಅಲ್ಲಿಗೇ ಮುಗಿದು ಅವರು ಅವನ ಸೇವಕರಾಗುತ್ತಾರೆ. ಒಪ್ಪದಿದ್ದರೆ ಅತಿ ಕಠಿಣವಾದ ಕಾಳಗ ಎದುರಾಗುತ್ತದೆ. ಅದನ್ನು ಗೆದ್ದರೆ ಸೋದರರು ಎಲ್ಲರ ಕರಾರುಪತ್ರಗಳನ್ನೂ ಸುಟ್ಟುಹಾಕುತ್ತಾರೆ. ಅಲ್ಲಿಯವರೆಗೆ ಹೊಡೆದಾಡಿದ ಶತ್ರುಗಳಿಗೂ ಬಿಡುಗಡೆಯಾಗುತ್ತದೆ.

ಮನೆಯಲ್ಲಿ ಮಕ್ಕಳು ಇಂತಹ ಆಟಕ್ಕೆ ಕುಳಿತಾಗ ಹೊತ್ತಿನ ಮಿತಿಯನ್ನು ಮೊದಲೇ ಗೊತ್ತುಪಡಿಸಿ. ದಣಿದ ಬೆರಳು ಕಲಿಯುವುದಿಲ್ಲ, ಸಿಡುಕುತ್ತದೆ. ಆಟ ಮುಗಿದ ಮೇಲೆ ಗೆದ್ದೆಯಾ ಎಂದು ಕೇಳುವ ಬದಲು, ಇಂದು ಗೆರೆ ಎಲ್ಲಿಯವರೆಗೆ ಹೋಯಿತು ಎಂದು ಕೇಳಿ ನೋಡಿ. ಅಂಕಪಟ್ಟಿ ಕೈಗೆ ಬಂದ ದಿನವೂ ಅದೇ ಪ್ರಶ್ನೆಯನ್ನು ಅದೇ ದನಿಯಲ್ಲಿ ಕೇಳುವಂತಾದರೆ, ಸೋತ ಮಗು ಚೀಟಿಯನ್ನು ಬಚ್ಚಿಡದೆ ನಮ್ಮ ಕೈಗೇ ತಂದು ಕೊಟ್ಟೀತು.