ಮೊಳಕಾಲ್ಮೂರಿನ ಮೈಕು ಯಾಕೆ ಮಾತಾಡುತ್ತಿಲ್ಲ?



ನಾಲ್ಕು ಜನರ ತಂಡ ಕಟ್ಟಿಕೊಂಡು ನೀವು ಆನ್‌ಲೈನ್ ಆಟ ಆಡುತ್ತೀರಿ. ಒಬ್ಬ ವಿಜಯನಗರದವನು, ಒಬ್ಬ ಯಶವಂತಪುರದವನು, ಇನ್ನೊಬ್ಬ ಮೈಸೂರಿನ ಕುವೆಂಪುನಗರದವನು. ನಾಲ್ಕನೆಯವನು ಚಿತ್ರದುರ್ಗ ಜಿಲ್ಲೆಯ ಮೊಳಕಾಲ್ಮೂರಿನವನು. ಆಟ ಶುರುವಾಗಿ ಎರಡು ನಿಮಿಷ ಆಗಿರುವುದಿಲ್ಲ, "ಲೇ ಮಗಾ, ಮೈಕ್ ಆನ್ ಮಾಡೋ" ಎಂದು ಮೂವರೂ ಕೂಗುತ್ತೀರಿ. ಆ ಕಡೆಯಿಂದ ಉತ್ತರವಿಲ್ಲ. ಇಲ್ಲವೇ ಗರಗರ ಸದ್ದು. ಇಲ್ಲವೇ ಅರ್ಧ ಮಾತು, ಆಮೇಲೆ ಮೌನ. ಮೂರನೇ ಆಟದ ಹೊತ್ತಿಗೆ ಅವನನ್ನು ತಂಡದಿಂದ ಕಿತ್ತುಹಾಕಿ, ಎಲ್ಲಿಯವನೋ ಗೊತ್ತಿಲ್ಲದ ಒಬ್ಬನನ್ನು ಸೇರಿಸಿಕೊಂಡು, ಅವನ ಜೊತೆ ಹರಕು ಹಿಂದಿಯಲ್ಲಿ "ಭಾಯ್, ಇಧರ್ ಆ" ಎನ್ನುತ್ತೀರಿ!

ಇದು ಯಾವ ನ್ಯಾಯ?

ಆ ಹುಡುಗನಿಗೆ ಬಾಯಿ ಇಲ್ಲವೆಂದುಕೊಂಡಿರಾ? ಅವನಿಗೆ ಬಾಯಿ ಇದೆ, ಕನ್ನಡವೂ ಇದೆ. ಇಲ್ಲದಿರುವುದು ಫೋನಿನ ಒಂದು ಅನುಮತಿ, ಇಲ್ಲವೇ ಇಯರ್‌ಫೋನಿನ ಪಿನ್ನಿನಲ್ಲಿ ಒಂದು ಉಂಗುರ. ಹತ್ತು ನಿಮಿಷದಲ್ಲಿ ಸರಿಹೋಗುವ ಕೆಲಸಕ್ಕೆ ಒಬ್ಬ ಕನ್ನಡದ ಹುಡುಗನನ್ನು ಹೊರಗೆ ಹಾಕಿ, ಆಮೇಲೆ "ಆನ್‌ಲೈನ್ ಆಟದಲ್ಲಿ ಕನ್ನಡ ಮಾತಾಡೋರು ಸಿಗಲ್ಲ ಸಾರ್" ಎಂದು ಗೊಣಗುತ್ತೀರಿ. ಸಿಗುತ್ತಾರೆ ಸ್ವಾಮಿ. ನೀವೇ ಅವರನ್ನು ತೆಗೆದುಹಾಕಿದ್ದೀರಿ!

ಒಂದು ಮಾತು ನೆನಪಿಡಿ. ಕಂಪ್ಯೂಟರಿನಲ್ಲಿ ಕನ್ನಡ ಬರೆಯಲು ನಮ್ಮವರು ಕೀಲಿಮಣೆ, ಫಾಂಟು, ಯೂನಿಕೋಡ್ ಎಂದು ವರ್ಷಗಟ್ಟಲೆ ಗುದ್ದಾಡಬೇಕಾಯಿತು. ಮಾತಿಗೆ ಆ ಯಾವ ಹಂಗೂ ಇಲ್ಲ. ಡಿಸ್ಕಾರ್ಡ್ ಮೊದಲಾದವು ಇಂದು ದನಿಯನ್ನು ಕಟ್ಟಿ ಕಳಿಸಲು ಓಪಸ್ ಎಂಬ ವಿಧಾನ ಬಳಸುತ್ತವೆ. 2012ರಲ್ಲಿ ಅಂತರಜಾಲದ ಮಾನಕವಾದದ್ದು ಅದು. ದನಿಯನ್ನು ಸಾಮಾನ್ಯವಾಗಿ 20 ಮಿಲಿಸೆಕೆಂಡಿನ ಚೂರುಗಳಾಗಿ ಕತ್ತರಿಸಿ ಕಳಿಸುತ್ತದೆ. ಆ ಚೂರಿನಲ್ಲಿರುವುದು ಇಂಗ್ಲಿಷೋ ಹಿಂದಿಯೋ ಚಿತ್ರದುರ್ಗದ ಕನ್ನಡವೋ ಅದಕ್ಕೆ ಗೊತ್ತೂ ಇಲ್ಲ, ಬೇಕೂ ಇಲ್ಲ. ಯಾವ ಕಂಪನಿಯ ಅಪ್ಪಣೆಯೂ ಬೇಡದೆ ನೀವು ಕನ್ನಡ ಬಳಸಬಹುದಾದ ಜಾಗ ಇದು. ಅಂಥ ಜಾಗವನ್ನು ಒಂದು ಹಾಳು ಮೈಕಿಗಾಗಿ ಬಿಟ್ಟುಕೊಡುವುದೇ?

ಇನ್ನು ವಿಷಯಕ್ಕೆ ಬನ್ನಿ. ಮೊಳಕಾಲ್ಮೂರಿನ ಗೆಳೆಯನ ದನಿ ಕೇಳಿಸದಿದ್ದರೆ ಮೊದಲು ಅವನನ್ನು ಬೈಯಬೇಡಿ. ಫೋನು ಮಾಡಿ. ಹೌದು, ಮಾಮೂಲಿ ಫೋನು. ಅದರಲ್ಲಿ ಅವನ ದನಿ ಸರಿಯಾಗಿ ಕೇಳಿಸಿದರೆ ಅವನ ಫೋನಿನ ಮೈಕು ಜೀವಂತವಾಗಿದೆ ಎಂದರ್ಥ. ಅರ್ಧ ಅನುಮಾನ ಅಲ್ಲಿಗೇ ತೀರಿತು. ಆದರೆ ಆಟ ನಡೆಯುತ್ತಿರುವಾಗ ಫೋನು ಮಾಡಬೇಡಿ. ಕರೆ ಬಂದೊಡನೆ ಮೈಕು ಆ ಕಡೆ ಹೋಗುತ್ತದೆ. ಕರೆ ಮುಗಿದ ಮೇಲೂ ಕೆಲವು ಸಲ ಆಟಕ್ಕೆ ಅದು ವಾಪಸು ಸಿಗುವುದಿಲ್ಲ, ಆಟವನ್ನು ಮುಚ್ಚಿ ತೆರೆಯಬೇಕಾಗುತ್ತದೆ.

ಮೈಕು ಜೀವಂತವಾಗಿದ್ದೂ ಆಟದಲ್ಲಿ ದನಿ ಇಲ್ಲವೆಂದರೆ ನೋಡಬೇಕಾದದ್ದು ಅನುಮತಿ. ನಮ್ಮ ಸಿಟ್ಟಿರುವುದು ಇಲ್ಲಿಯೇ. ಆಟ ಮೊದಲ ಸಲ ತೆರೆದಾಗ ಮೈಕು ಬಳಸಲೇ ಎಂದು ಫೋನು ಕೇಳುತ್ತದೆ. ಫೋನು ಇಂಗ್ಲಿಷಿನಲ್ಲಿದ್ದರೆ ಇಂಗ್ಲಿಷಿನಲ್ಲೇ ಕೇಳುತ್ತದೆ. ಏನೋ ಎಂತೋ, ದುಡ್ಡು ಹೋದೀತು ಎಂದು ಹೆದರಿ ಹುಡುಗ "ಬೇಡ" ಎಂದು ಒತ್ತುತ್ತಾನೆ. ಎರಡನೇ ಸಲವೂ ಬೇಡ ಎಂದನೋ, ಕತೆ ಮುಗಿಯಿತು! 2020ರಲ್ಲಿ ಬಂದ ಆಂಡ್ರಾಯ್ಡ್ 11ರಿಂದ ಈಚೆಗೆ ಎರಡು ಸಲ ಬೇಡವೆಂದವನನ್ನು ಫೋನು ಮೂರನೇ ಸಲ ಕೇಳುವುದೇ ಇಲ್ಲ. ಆಟದೊಳಗೆ ಮೈಕಿನ ಚಿತ್ರ ಎಷ್ಟು ಒತ್ತಿದರೂ ಕಲ್ಲು. ಅದೇ ಆಂಡ್ರಾಯ್ಡ್ 11 ಇನ್ನೊಂದು ಪದ್ಧತಿಯನ್ನೂ ತಂದಿತು. ತಿಂಗಳುಗಟ್ಟಲೆ ತೆರೆಯದ ಆ್ಯಪ್‌ಗೆ ಕೊಟ್ಟಿದ್ದ ಅನುಮತಿಯನ್ನು ಫೋನು ತಾನಾಗಿಯೇ ಹಿಂದಕ್ಕೆ ಪಡೆಯುತ್ತದೆ. ಪರೀಕ್ಷೆ ಇತ್ತು, ಅಪ್ಪ ಬೈದರು ಎಂದು ನಾಲ್ಕು ತಿಂಗಳು ಆಟ ಬಿಟ್ಟವನಿಗೆ ಮರಳಿ ಬಂದಾಗ ಮೈಕು ಕೈಕೊಡುವುದು ಇದರಿಂದಲೇ ಇರಬಹುದು.

ನಮ್ಮ ದೇಶದ ಆಟಗಾರರಿಗೆ ಈ ಬಿಡುವ-ಬರುವ ಪಾಡು ಚೆನ್ನಾಗಿ ಗೊತ್ತು. ಪಬ್‌ಜಿಯನ್ನು 2020ರ ಸೆಪ್ಟೆಂಬರಿನಲ್ಲಿ ನಿಷೇಧಿಸಿದರು. ಅದರ ಭಾರತದ ಅವತಾರ ಬಿಜಿಎಂಐ 2021ರ ಜುಲೈನಲ್ಲಿ ಬಂತು, 2022ರ ಜುಲೈನಲ್ಲಿ ಅಂಗಡಿಯಿಂದ ಮಾಯವಾಯಿತು, 2023ರ ಮೇ ತಿಂಗಳಲ್ಲಿ ವಾಪಸು ಬಂತು. ಫ್ರೀ ಫೈರ್ 2022ರ ಫೆಬ್ರುವರಿಯಲ್ಲಿ ಹೋಯಿತು. ಆಟವನ್ನು ತೆಗೆದು ಹೊಸದಾಗಿ ಹಾಕಿದಾಗಲೆಲ್ಲ ಅನುಮತಿಯನ್ನೂ ಹೊಸದಾಗಿ ಕೊಡಬೇಕು.

ಇದಕ್ಕೆ ಮದ್ದು ಸುಲಭ. ಫೋನಿನ ಭಾಷೆಯನ್ನು ಕನ್ನಡಕ್ಕೆ ಬದಲಿಸಲು ಹೇಳಿ. ಹೀಗೆಂದರೆ ನಗುವವರಿದ್ದಾರೆ, ನಗಲಿ. ಆಟ ಇಂಗ್ಲಿಷಿನಲ್ಲೇ ಇದ್ದರೂ ಅನುಮತಿ ಕೇಳುವುದು ಆಟವಲ್ಲ, ಫೋನು. ಅದು ನೀವು ಇಟ್ಟ ಭಾಷೆಯಲ್ಲಿ ಕೇಳುತ್ತದೆ. ಸೆಟ್ಟಿಂಗ್ಸ್‌ಗೆ ಹೋಗಿ, ಆ್ಯಪ್‌ಗಳ ಪಟ್ಟಿಯಲ್ಲಿ ಆಟದ ಹೆಸರು ಒತ್ತಿ, ಅನುಮತಿಗಳಲ್ಲಿ ಮೈಕ್ರೋಫೋನ್ ಹುಡುಕಿ, ಆ್ಯಪ್ ಬಳಸುವಾಗ ಮಾತ್ರ ಅನುಮತಿಸುವ ಆಯ್ಕೆ ಒತ್ತಿದರೆ ಸಾಕು. ಆಂಡ್ರಾಯ್ಡ್ 12ರಿಂದೀಚೆಗೆ ಪರದೆಯ ಮೇಲಿಂದ ಕೆಳಕ್ಕೆ ಎಳೆದರೆ ಬರುವ ಗುಂಡಿಗಳ ಸಾಲಿನಲ್ಲಿ ಇಡೀ ಫೋನಿನ ಮೈಕನ್ನು ಮುಚ್ಚುವ ಗುಂಡಿಯೂ ಇರುತ್ತದೆ. ಕೈತಪ್ಪಿ ಅದು ಒತ್ತಿಹೋಗಿದ್ದರೆ ಯಾವ ಆಟದಲ್ಲೂ ದನಿ ಬರುವುದಿಲ್ಲ. ಮೈಕು ನಿಜವಾಗಿ ಕೇಳುತ್ತಿದೆ ಎಂಬುದಕ್ಕೆ ಮೇಲಿನ ಮೂಲೆಯಲ್ಲಿ ಹಸಿರು ಗುರುತು ಕಾಣುತ್ತದೆ. ಹಸಿರು ಕಂಡಿತೇ ಎಂದು ಅವನನ್ನು ಕೇಳಿ. ಕಂಡರೆ ಫೋನಿನ ಮಟ್ಟಿಗೆ ಎಲ್ಲ ಸರಿ ಎಂದು ತಿಳಿಯಿರಿ.

ಆಮೇಲೆ ಆಟದೊಳಗಿನ ಗುಂಡಿಗಳು. ಸ್ಪೀಕರ್ ಬೇರೆ, ಮೈಕು ಬೇರೆ. ಎರಡಕ್ಕೂ 'ಎಲ್ಲರಿಗೂ', 'ತಂಡಕ್ಕೆ', 'ಬಂದ್' ಎಂಬ ಆಯ್ಕೆಗಳಿರುತ್ತವೆ. ಅವನ ಮೈಕು ತಂಡಕ್ಕೆ ಎಂದಿರಬೇಕು, ನಿಮ್ಮ ಸ್ಪೀಕರೂ ತಂಡಕ್ಕೆ ತೆರೆದಿರಬೇಕು. ಹಿಂದೆ ಯಾವತ್ತೋ ಸಿಟ್ಟಿನಲ್ಲಿ ನೀವೇ ಅವನ ಹೆಸರಿನ ಮುಂದೆ ಮ್ಯೂಟ್ ಒತ್ತಿದ್ದಿರೋ, ಅದನ್ನೂ ನೋಡಿ. ಕಂಪ್ಯೂಟರಿನಲ್ಲಿ ವ್ಯಾಲರಂಟ್ ಆಡುವವರಿಗೆ ತಂಡದೊಡನೆ ಮಾತಾಡಲು ವಿ ಕೀಲಿ ಒತ್ತಿ ಹಿಡಿಯಬೇಕು ಎಂಬುದೇ ಗೊತ್ತಿರುವುದಿಲ್ಲ, ಸುಮ್ಮನೆ ಅರಚುತ್ತಿರುತ್ತಾರೆ. ವಿಂಡೋಸ್‌ನ ಪ್ರೈವಸಿ ಸೆಟ್ಟಿಂಗ್ಸ್‌ನಲ್ಲಿ ಮೈಕ್ರೋಫೋನ್ ತೆರೆದಿದೆಯೇ ಎಂದು ನೋಡಿದರೆ ಕಂಪ್ಯೂಟರಿನ ಮುಕ್ಕಾಲು ಕೆಲಸ ಮುಗಿಯಿತು.

ಮೊಬೈಲಿನಲ್ಲಿ ಡಿಸ್ಕಾರ್ಡ್ ಕಟ್ಟಿಕೊಂಡು ಆಡುವವರಿಗೆ ಬೇರೆಯೇ ಗೋಳು. ಒಂದೇ ಮೈಕಿಗೆ ಆಟವೂ ಕೈ ಚಾಚುತ್ತದೆ, ಡಿಸ್ಕಾರ್ಡೂ ಚಾಚುತ್ತದೆ. ಆಂಡ್ರಾಯ್ಡ್ ಒಬ್ಬರಿಗೆ ದನಿ ಕೊಟ್ಟು ಇನ್ನೊಬ್ಬರಿಗೆ ಬರೀ ಮೌನ ಕೊಡುತ್ತದೆ. ಪರದೆಯ ಮೇಲೆ ಡಿಸ್ಕಾರ್ಡ್ ಚೆನ್ನಾಗಿಯೇ ನಡೆಯುತ್ತಿರುವಂತೆ ಕಾಣುತ್ತದೆ, ಒಂದು ಅಕ್ಷರ ಹೋಗಿರುವುದಿಲ್ಲ! ಡಿಸ್ಕಾರ್ಡ್ ಬೇಕೆಂದರೆ ಆಟದ ಮೈಕು ಪೂರ್ತಿ ಬಂದ್ ಮಾಡಿ. ಸ್ಕ್ರೀನ್ ರೆಕಾರ್ಡರಿಗೂ ಇದೇ ಮಾತು. ಬ್ಯಾಟರಿ ಉಳಿಸುವ ಹೆಸರಿನಲ್ಲಿ ಫೋನು ಹಿಂದೆ ನಿಂತ ಆ್ಯಪ್‌ನ ಕತ್ತು ಹಿಸುಕುವುದೂ ಉಂಟು, ಆ ನಿರ್ಬಂಧವನ್ನು ಡಿಸ್ಕಾರ್ಡಿಗೆ ತೆಗೆದುಹಾಕಿ.

ಇಯರ್‌ಫೋನಿನ ವಿಚಾರ ಬೇರೆಯೇ ಇದೆ. ಪಿನ್ನನ್ನು ಕಣ್ಣಿನ ಹತ್ತಿರ ಹಿಡಿದು ನೋಡಲು ಹೇಳಿ. ಮೂರು ಉಂಗುರದ ಗೆರೆ ಇದ್ದರೆ ಮೈಕಿಗೆ ತಂತಿ ಇದೆ. ಎರಡೇ ಇದ್ದರೆ ಅದು ಹಾಡು ಕೇಳಲು ಮಾತ್ರ. ಅದರಲ್ಲಿ ಎಷ್ಟು ಕೂಗಿದರೂ ವ್ಯರ್ಥ. ಬ್ಲೂಟೂತ್‌ನವರ ದೂರು ಇನ್ನೊಂದು ಬಗೆಯದು: "ಮೈಕು ಆನ್ ಮಾಡಿದ ಕೂಡಲೇ ಗುಂಡಿನ ಸದ್ದೆಲ್ಲ ಡಬ್ಬದೊಳಗಿಂದ ಬಂದ ಹಾಗೆ ಆಗತೈತೆ ಅಣ್ಣಾ." ಅದು ರೋಗವಲ್ಲ, ಅದರ ಜಾಯಮಾನವೇ ಹಾಗೆ. ಮಾಮೂಲಿ ಬ್ಲೂಟೂತ್ ಹಾಡು ಕೇಳಿಸುವುದು ಒಂದು ವಿಧಾನದಲ್ಲಿ, ಮಾತು ಒಯ್ಯುವುದು ಇನ್ನೊಂದರಲ್ಲಿ. ಮೈಕು ತೆರೆದೊಡನೆ ಎರಡನೆಯದಕ್ಕೆ ಇಳಿಯುತ್ತದೆ. ಆಗ ಸ್ಟೀರಿಯೋ ಹೋಗುತ್ತದೆ, ಶತ್ರುವಿನ ಹೆಜ್ಜೆ ಎಡಕ್ಕೋ ಬಲಕ್ಕೋ ಎಂಬುದೂ ಹೋಗುತ್ತದೆ. ಸಾವಿರಾರು ರೂಪಾಯಿಯ ಬ್ಲೂಟೂತ್‌ಗಿಂತ ಸಂತೆಯಲ್ಲಿ ಸಿಗುವ ತಂತಿಯ ಇಯರ್‌ಫೋನೇ ಈ ಕೆಲಸಕ್ಕೆ ವಾಸಿ. ಜಾಹೀರಾತಿನವರು ಇದನ್ನು ನಿಮಗೆ ಹೇಳುವುದಿಲ್ಲ.

ದನಿ ಹೋಗುತ್ತಿದೆ, ಆದರೆ ತುಂಡುತುಂಡು ಎಂದರೆ ನೆಟ್‌ವರ್ಕಿನ ಮಾತು. "ಡೇಟಾ ಸಾಲಲ್ಲ" ಎಂಬುದು ಬಹಳ ಸಲ ಸುಳ್ಳು ನೆವ. ಸೆಕೆಂಡಿಗೆ 64 ಕಿಲೋಬಿಟ್‌ನಂತೆ ಲೆಕ್ಕ ಹಾಕಿದರೂ ಒಂದು ತಾಸು ಬಿಡದೆ ಮಾತಾಡಿದರೆ ದನಿಗೆ ಆಗುವುದು ಸುಮಾರು 29 ಎಂಬಿ. ಮಾತಿಗೆ ಬೇಕಾದದ್ದು ವೇಗಕ್ಕಿಂತ ಹೆಚ್ಚಾಗಿ ಕ್ರಮ. ಚೂರುಗಳು ಹೊತ್ತಿಗೆ ಸರಿಯಾಗಿ, ಸಾಲಾಗಿ ಬರಬೇಕು. ತಡವಾಗಿ ಬಂದ ಚೂರನ್ನು ಆಟ ಬಿಸಾಡುತ್ತದೆ, ಅದೇ ನಿಮಗೆ ಕೇಳಿಸುವ ತುಂಡು. ಒಂದು ಕಡೆಯಿಂದ ಇನ್ನೊಂದು ಕಡೆಗೆ 150 ಮಿಲಿಸೆಕೆಂಡಿನೊಳಗೆ ದನಿ ತಲುಪಿದರೆ ಮಾತುಕತೆಗೆ ತೊಡಕಿಲ್ಲ ಎಂದು ಅಂತರರಾಷ್ಟ್ರೀಯ ದೂರಸಂಪರ್ಕ ಒಕ್ಕೂಟವೇ ಹೇಳಿದೆ. ಸಿಂಗಪುರ ನಮ್ಮಿಂದ ಸುಮಾರು ಮೂರು ಸಾವಿರ ಕಿಲೋಮೀಟರು. ಗಾಜಿನ ಎಳೆಯಲ್ಲಿ ಬೆಳಕು ಅಷ್ಟು ದೂರವನ್ನು ಸುಮಾರು 15 ಮಿಲಿಸೆಕೆಂಡಿನಲ್ಲಿ ದಾಟುತ್ತದೆ. ಹಾಗಾದರೆ ಉಳಿದ ತಡ ಎಲ್ಲಿಯದು? ಹೆಚ್ಚಿನದು ಅವನ ಮನೆಗೂ ಟವರಿಗೂ ನಡುವೆ, ಕಂಪನಿಯ ಸುತ್ತುದಾರಿಗಳಲ್ಲಿ.

ಮೊಳಕಾಲ್ಮೂರಿನ ಮಗ್ಗುಲಲ್ಲೇ ರಾಯದುರ್ಗ. 1953ರಲ್ಲಿ ಬಳ್ಳಾರಿ ಜಿಲ್ಲೆಯನ್ನು ಒಡೆದಾಗ ಆದವಾನಿ, ಆಲೂರಿನ ಜೊತೆ ಆಂಧ್ರಕ್ಕೆ ಹೋದ ತಾಲ್ಲೂಕು. ರೇಡಿಯೋ ತರಂಗಕ್ಕೆ ಗಡಿಕಲ್ಲು ಕಾಣಿಸುವುದಿಲ್ಲವಲ್ಲ! ಗಡಿಯ ಹಳ್ಳಿಗಳಲ್ಲಿ ಫೋನು ಒಮ್ಮೆ ಈ ಕಡೆಯ ಟವರು, ಒಮ್ಮೆ ಆ ಕಡೆಯ ಟವರು ಎಂದು ಹಾರಾಡುತ್ತದೆ. ಹಾರಿದಾಗಲೆಲ್ಲ ದನಿ ಕಡಿಯುತ್ತದೆ. ಆಡುವಾಗ ಒಂದೇ ಕಡೆ, ಕಿಟಕಿಯ ಹತ್ತಿರವೋ ಮಾಳಿಗೆಯ ಮೇಲೋ ಕೂರಲಿ. ಸೆಟ್ಟಿಂಗ್ಸ್‌ನಲ್ಲಿ ನೆಟ್‌ವರ್ಕನ್ನು ತಾನಾಗಿ ಆರಿಸಿಕೊಳ್ಳಲು ಬಿಡದೆ ಕೈಯಿಂದ ಆರಿಸಿದರೆ ಕೆಲವೊಮ್ಮೆ ನಿಲ್ಲುತ್ತದೆ. ಆಟ ಚೆನ್ನಾಗಿ ನಡೆಯುತ್ತಿದ್ದು ದನಿ ಮಾತ್ರ ಸೇರುತ್ತಿಲ್ಲವೆಂದರೆ ಕಾಲೇಜು, ಹಾಸ್ಟೆಲಿನ ವೈಫೈ ಮೇಲೆ ಅನುಮಾನ ಪಡಿ. ಆಟಕ್ಕೆ ಒಂದು ದಾರಿ, ದನಿಗೆ ಇನ್ನೊಂದು ದಾರಿ ಇರುವುದುಂಟು; ಎರಡನೆಯದನ್ನು ಅಲ್ಲಿ ಮುಚ್ಚಿರುತ್ತಾರೆ. ಮೊಬೈಲ್ ಡೇಟಾಗೆ ಬಂದು ನೋಡಿದರೆ ಎರಡೇ ನಿಮಿಷದಲ್ಲಿ ಗೊತ್ತಾಗುತ್ತದೆ.

ಇನ್ನು ಸದ್ದು. ಮೊಳಕಾಲ್ಮೂರು ರೇಷ್ಮೆ ಸೀರೆಯ ಊರು. ಮನೆಯೊಳಗೇ ಮಗ್ಗ ಇರುವವನ ಮೈಕಿನಲ್ಲಿ ಲಾಳಿಯ ಸದ್ದು ಬಂದರೆ "ಏನೋ ಅದು, ಮನೇಲಿ ಮರ ಕಡೀತಿದೀಯಾ" ಎಂದು ಹಲ್ಲು ಕಿಸಿಯಬೇಡಿ. ನಿಮ್ಮ ಅಕ್ಕನ ಮದುವೆಯ ಸೀರೆ ಆ ಸದ್ದಿನಲ್ಲೇ ನೇಯ್ದದ್ದಿರಬಹುದು! ಗದ್ದಲ ತಗ್ಗಿಸುವ ಹಳೆಯ ಸಾಧನಗಳು ಫ್ಯಾನಿನಂಥ ಒಂದೇ ಸಮನೆ ಸದ್ದನ್ನು ಚೆನ್ನಾಗಿ ತೆಗೆಯುತ್ತವೆ, ಮಗ್ಗದ ಬಿಟ್ಟುಬಿಟ್ಟು ಬೀಳುವ ಪೆಟ್ಟಿಗೆ ತಡವರಿಸುತ್ತವೆ. ಡಿಸ್ಕಾರ್ಡ್ 2020ರಿಂದ ಕೊಡುತ್ತಿರುವ ಕ್ರಿಸ್ಪ್ ಅಂಥ ಸದ್ದನ್ನೂ ಮಟ್ಟಿಗೆ ಅಡಗಿಸುತ್ತದೆ. ಅದಿಲ್ಲದ ಕಡೆ, ಗುಂಡಿ ಒತ್ತಿದಾಗ ಮಾತ್ರ ಮಾತು ಹೋಗುವ ವ್ಯವಸ್ಥೆ ಇಟ್ಟುಕೊಂಡರೆ ಮಗ್ಗವೂ ನಡೆಯುತ್ತದೆ, ಆಟವೂ ನಡೆಯುತ್ತದೆ. ನಿಮ್ಮದೇ ಮಾತು ನಿಮಗೆ ಮರಳಿ ಕೇಳಿಸಿದರೆ ಆ ಕಡೆ ಯಾರೋ ಇಯರ್‌ಫೋನಿಲ್ಲದೆ ಸ್ಪೀಕರ್ ಹಾಕಿಕೊಂಡಿದ್ದಾರೆ ಎಂದರ್ಥ.

ಮೈಕು ಸರಿಯಿದ್ದೂ ಬಾಯಿ ಬಿಡದವರಿದ್ದಾರೆ. ಅದಕ್ಕೆ ಯಾವ ಸೆಟ್ಟಿಂಗೂ ಇಲ್ಲ. "ಐತೆ" ಎಂದರೆ ನಗುತ್ತೀರಿ, ತೆಲುಗಿನ ಎಳೆ ಸೇರಿದರೆ ಅಣಕಿಸುತ್ತೀರಿ. ಅದಕ್ಕೇ ಅವನು ಮೈಕು ಮುಚ್ಚಿಕೊಂಡ. ಹೆಣ್ಣುಮಕ್ಕಳ ದನಿ ಕೇಳಿದೊಡನೆ ಬರುವ ಹೊಲಸು ಮಾತು ನಿಮಗೂ ಗೊತ್ತು. ಅವರು ಮೌನವಾಗಿ ಆಡುವುದು ಯಂತ್ರದ ದೋಷವಲ್ಲ. ಕಾಲ್ ಆಫ್ ಡ್ಯೂಟಿಯವರು 2023ರಲ್ಲಿ ದನಿಯ ಬೈಗುಳವನ್ನು ಯಂತ್ರದಿಂದಲೇ ಹಿಡಿಯುವ ಏರ್ಪಾಡು ತಂದರು. ಶುರು ಮಾಡಿದ್ದು ಇಂಗ್ಲಿಷಿನಲ್ಲಿ. ಅದೇ ವರ್ಷದ ನವೆಂಬರಿನಲ್ಲಿ ಜಗತ್ತಿಗೆಲ್ಲ ಹರಡುತ್ತೇವೆ ಎಂದಾಗ ಏಷ್ಯಾವನ್ನು ಹೊರಗಿಟ್ಟಿದ್ದರು! ಕನ್ನಡದ ಬೈಗುಳಕ್ಕೆ ಕಾವಲು ನಾವೇ. ಬೈದವನ ಹೆಸರಿನ ಮೇಲೆ ಮ್ಯೂಟ್ ಒತ್ತಿ, ದೂರು ಕೊಡಿ. ಅವನು ನಿಮ್ಮ ಗೆಳೆಯನೇ ಆಗಿದ್ದರೂ ಕೊಡಿ.

ಅಂದಹಾಗೆ, ಮೊಳಕಾಲ್ಮೂರು ತಾಲ್ಲೂಕಿಗೆ ದೂರದ ಸಂದೇಶ ಹೊಸದಲ್ಲ. ಬ್ರಹ್ಮಗಿರಿ, ಸಿದ್ದಾಪುರ, ಜಟಿಂಗ ರಾಮೇಶ್ವರಗಳ ಅಶೋಕನ ಬಂಡೆ ಶಾಸನಗಳನ್ನು 1892ರಲ್ಲಿ ಬಿ.ಎಲ್. ರೈಸ್ ಪತ್ತೆ ಮಾಡಿದರು. ಸುವರ್ಣಗಿರಿಯಿಂದ ಇಸಿಲದ ಅಧಿಕಾರಿಗಳಿಗೆ ಬಂದ ಆ ರಾಜಾಜ್ಞೆ ಮೊದಲು ವಿಚಾರಿಸುವುದು ಆರೋಗ್ಯವನ್ನು. ಆಜ್ಞೆ ಇದ್ದದ್ದು ಪ್ರಾಕೃತದಲ್ಲಿ, ಕನ್ನಡದಲ್ಲಲ್ಲ. ಅಂದೂ ಮೇಲಿನಿಂದ ಬರುವುದು ಬೇರೆ ಭಾಷೆಯಲ್ಲೇ! ಆದರೂ ಎರಡು ಸಾವಿರದ ಇನ್ನೂರು ವರ್ಷದ ಹಿಂದಿನ ಅಧಿಕಾರಿಗೆ "ಚೆನ್ನಾಗಿದ್ದೀರಾ" ಎಂದು ಮೊದಲು ಕೇಳುವ ಸೌಜನ್ಯ ಇತ್ತು. ನಿಮಗೆ "ಮೈಕ್ ಆನ್ ಮಾಡೋ" ಎಂಬುದೊಂದೇ ಬರುತ್ತದೆ.

ಇಷ್ಟೆಲ್ಲ ನೋಡಿದ ಮೇಲೂ ದನಿ ಬರದಿದ್ದರೆ ತಪ್ಪು ಕಂಪನಿಯ ಕಡೆಯದು. ಆಟದೊಳಗಿನ ಸಹಾಯ ವಿಭಾಗಕ್ಕೆ ದೂರು ಬರೆಯಿರಿ, ಕನ್ನಡದಲ್ಲೇ ಬರೆಯಿರಿ. ಸುಮ್ಮನೆ "ಮೈಕ್ ವರ್ಕ್ ಆಗ್ತಿಲ್ಲ" ಎಂದರೆ ಅವರು ಸಿದ್ಧ ಉತ್ತರ ಕಳಿಸಿ ಕೈ ತೊಳೆದುಕೊಳ್ಳುತ್ತಾರೆ. ಫೋನಿನ ಮಾದರಿ, ಆಂಡ್ರಾಯ್ಡ್ ಎಷ್ಟನೆಯದು, ಆಟದ ಆವೃತ್ತಿ, ಯಾವ ನೆಟ್‌ವರ್ಕು, ಯಾವ ದಿನ ಎಷ್ಟು ಗಂಟೆಗೆ ದನಿ ನಿಂತಿತು, ಅನುಮತಿ ಕೊಟ್ಟಿದ್ದೀರೋ ಇಲ್ಲವೋ ಎಂದೆಲ್ಲ ಬರೆದು, ಹಸಿರು ಗುರುತು ಕಾಣುವ ಪರದೆಯ ಚಿತ್ರ ಲಗತ್ತಿಸಿ. ನಾಲ್ವರೂ ಬೇರೆ ಬೇರೆಯಾಗಿ ಕಳಿಸಿ. ಊರು ಎಂದು ಕೇಳಿದ ಕಡೆ ಬೆಂಗಳೂರು ಎಂದು ಹಾಕಬೇಡಿ. ಮೊಳಕಾಲ್ಮೂರು ಎಂದು, ಜಿಲ್ಲೆ ಪಿನ್‌ಕೋಡ್ ಸಹಿತ ಬರೆಯಿರಿ.